ರಾಜಿಯಾದರೆ ಕೇಸು ಮುಗಿಯಿತೇ?

ಪ್ರಶ್ನೆ: ಮಗಳು ಗಂಡ ಮತ್ತು ಅತ್ತೆಯ ಮೇಲೆ 498ಎ (ಹೆಂಡತಿಯ ಮೇಲೆ ಗಂಡ, ಅವನ ಮನೆಯವರ ಕ್ರೌರ್ಯ) ಅಡಿ ದೂರು ಕೊಟ್ಟಿದ್ದಳು. ಎರಡೂ ಮನೆಯ ಹಿರಿಯರು ಕೂತು ರಾಜಿ ಮಾಡಿದ್ದೇವೆ. ಠಾಣೆಗೆ ಪತ್ರ ಬರೆದುಕೊಟ್ಟರೆ ಸಾಲದೇ?
– ಒಬ್ಬ ತಂದೆ, ಹಾವೇರಿ

ಉತ್ತರ: ಸಾಲದು. ದೂರು ಮಗಳದ್ದಾದರೂ ಮೊಕದ್ದಮೆ ನಡೆಸುವುದು ಸರ್ಕಾರ. ನಮ್ಮ ರಾಜ್ಯದಲ್ಲಿ 498ಎ ರಾಜಿಯಾಗಬಲ್ಲ ಅಪರಾಧವಲ್ಲ. ವಕೀಲರ ಮೂಲಕ ಧಾರವಾಡದ ಹೈಕೋರ್ಟ್ ಪೀಠಕ್ಕೆ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 528ನೇ ಕಲಮಿನಡಿ (ಹಳೆಯ ಸಿಆರ್‌ಪಿಸಿಯ 482) ಕೇಸಿನ ರದ್ದತಿ ಅರ್ಜಿ ಹಾಕಿಸಿ. 2003ರ ಬಿ.ಎಸ್. ಜೋಶಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ದಾರಿಯನ್ನು ಒಪ್ಪಿದೆ. ರಾಜಿ ಪತ್ರದೊಂದಿಗೆ ಮಗಳ ಪ್ರಮಾಣಪತ್ರವೂ (ಅಫಿಡವಿಟ್) ಬೇಕು. ನ್ಯಾಯಮೂರ್ತಿಗಳು ಅವಳನ್ನೇ ವಿಚಾರಿಸಬಹುದು. ಅಂದ ಹಾಗೆ, ನಿಮ್ಮ ಪತ್ರದಲ್ಲಿ ಹಿರಿಯರೆಲ್ಲರ ಒಪ್ಪಿಗೆಯಿದೆ, ಮಗಳದ್ದು ಕಾಣಲಿಲ್ಲ. ಅವಳೊಬ್ಬಳೇ ಇದ್ದಾಗ ಮೊದಲು ಅದನ್ನು ಕೇಳಿ. ಆದೇಶ ಬರುವವರೆಗೆ ಅಳಿಯ ವಿಚಾರಣೆಯ ದಿನಾಂಕ ತಪ್ಪಿಸಬಾರದು, ವಾರಂಟ್ ಹೊರಡಬಹುದು.