ಎರಡು ಪುಟ ಸಾಕು, ರೈಟರಿಂದ ಶುರುಮಾಡಿ

ಶನಿವಾರಸಂತೆಯ ಗೆಳೆಯರಿಗೆ,

‘ಲೇಬಲ್‌ನೊಳಗೆ ಉದ್ದ ಬರಹ’ ಲೇಖನ ಓದಿದೆ. ಪ್ರೋಗ್ರಾಮಿನ ವಿಂಡೊದಲ್ಲಿ ಬರಹ ತೋರಿಸುವ ಲೇಬಲ್ ಎಂಬ ಚೌಕದ ಬಗ್ಗೆ ಬರೆದಿದ್ದೀರಿ. ಹೀಗೇ ಅಚ್ಚು ಹಾಕಲಾರೆ. ಕಾರಣ ಹೇಳದೆ ವಾಪಸ್ ಮಾಡುವುದೂ ಸರಿಯಲ್ಲ.

ಆರು ಪುಟಗಳಲ್ಲಿ ಮೊದಲೆರಡು ಮಡಿಕೇರಿಯ ಮಂಜು, ಕಂಪ್ಯೂಟರಿನ ಮಹಿಮೆ. ಅವನ್ನು ಹೊಡೆದುಹಾಕಿದ್ದೇನೆ. ಲೇಖನ ಹುಟ್ಟುವುದು ಮೂರನೇ ಪುಟದಲ್ಲಿ. ತೋಟದ ಲೆಕ್ಕಕ್ಕೆಂದು, ಪೈಥಾನ್ ಭಾಷೆಯಲ್ಲಿ ವಿಂಡೊ ಕಟ್ಟಲು ಬಳಸುವ ಟಿಕೆಇಂಟರ್‌ನಲ್ಲಿ ನೀವು ಮಾಡಿದ ಪ್ರೋಗ್ರಾಮು ‘ತೇವ ಹೆಚ್ಚಿರುವುದರಿಂದ ಈ ಚೀಲಗಳನ್ನು ಮತ್ತೆ ಕಣದಲ್ಲಿ ಒಣಗಿಸಬೇಕು’ ಎನ್ನಬೇಕಿತ್ತು. ಪರದೆಯಲ್ಲಿ ಕಂಡದ್ದು ‘ಈ ಚೀಲಗಳನ್ನು’ ಎಂಬಷ್ಟೇ. ಲೆಕ್ಕ ಬರೆಯುವ ರೈಟರು ಹಸಿ ಕಾಫಿಯನ್ನೇ ಗೋದಾಮಿಗೆ ಸೇರಿಸಿಬಿಟ್ಟರು. (ತೋಟದ ರೈಟರು ಎಂದು ಬಿಡಿಸಿ ಬರೆಯಿರಿ, ಹೊರಜಿಲ್ಲೆಯವರು ಕಥೆಗಾರರೆಂದುಕೊಂಡಾರು.) ಇಷ್ಟು ಒಳ್ಳೆಯ ಘಟನೆಯನ್ನು ಒಂದೇ ವಾಕ್ಯದಲ್ಲಿ ಮುಗಿಸಿದ್ದೀರಿ!

ಇನ್ನು ತಪ್ಪು. ಸಾಲು ಎಷ್ಟು ಉದ್ದವಾದ ಮೇಲೆ ಮುರಿಯಬೇಕೆಂದು ಹೇಳುವ ರ‍್ಯಾಪ್‌ಲೆಂತ್‌ಗೆ 40 ಕೊಟ್ಟರೆ ಸಾಲಿಗೆ 40 ಅಕ್ಷರ ಬರುತ್ತದೆ ಎಂದಿದ್ದೀರಿ. ಅದು ಪಿಕ್ಸೆಲ್ ಲೆಕ್ಕ, ಅಂದರೆ ಪರದೆಯ ಚುಕ್ಕಿಗಳದ್ದು. ನಾನೂ ಹಾಕಿ ನೋಡಿದೆ: ಎಚ್ಚರಿಕೆಯೆಲ್ಲ ಸಿಲ್ವರ್ ಓಕಿಗೆ ಹಬ್ಬಿದ ಮೆಣಸಿನ ಬಳ್ಳಿಯ ಹಾಗೆ ಉದ್ದಕ್ಕೆ ನಿಂತಿತು. ಅಕ್ಷರದ ಲೆಕ್ಕದ್ದು ಲೇಬಲ್ಲಿನ ಅಗಲ ಹೇಳುವ ವಿಡ್ತ್. ಅದನ್ನೂ ಅಳೆಯುವುದು ಸೊನ್ನೆಯ ಅಂಕಿಯ ಅಗಲದಿಂದ, ಹಾಗಾಗಿ ನಮ್ಮ ‘ಣ’, ‘ಷ’ಗಳಿಗೆ ಆ ಅಂದಾಜು ಕೂಡುವುದಿಲ್ಲ. ರ‍್ಯಾಪ್‌ಲೆಂತ್ ಮೊದಲಿಗೆ 0 ಇರುತ್ತದೆ, ಅಂದರೆ ಸಾಲು ತಾನಾಗಿ ಮುರಿಯುವುದೇ ಇಲ್ಲ. ರೈಟರು ಮೋಸಹೋದದ್ದು ಅಲ್ಲಿ. ಇದನ್ನು ನೀವು ಎಲ್ಲೂ ಹೇಳಿಲ್ಲ.

ಬ್ಯಾಕ್‌ಸ್ಲ್ಯಾಶ್ ಎನ್ ಹಾಕಿ ಕೈಯಲ್ಲೇ ಸಾಲು ಮುರಿಯುವ ಸಲಹೆಯನ್ನು ಬಿಡಿ. ವಿಂಡೊ ಎಳೆದು ಹಿಗ್ಗಿಸಿದರೂ ಫಾಂಟ್ ದೊಡ್ಡದು ಮಾಡಿದರೂ ಆ ಸಾಲುಗಳು ಕೆಡುತ್ತವೆ. ಲೇಬಲ್ ಕೂತಿರುವ ಫ್ರೇಮಿನ (ಹೊರಚೌಕಟ್ಟಿನ) ಅಳತೆ ಬದಲಾದಾಗ ಬರುವ ಕಾನ್ಫಿಗರ್ ಈವೆಂಟಿಗೆ ಒಂದು ಫಂಕ್ಷನ್ ಕಟ್ಟಿ, ಫ್ರೇಮಿನ ಹೊಸ ಅಗಲದಲ್ಲಿ ಅಂಚಿನ ಜಾಗ ಕಳೆದು ರ‍್ಯಾಪ್‌ಲೆಂತ್‌ಗೆ ಕೊಡಿ. ಸಾಲುಗಳನ್ನು ಯಾವ ಬದಿಗೆ ಜೋಡಿಸಬೇಕೆಂದು ಹೇಳುವ ಜಸ್ಟಿಫೈ ಎಡಕ್ಕಿರಲಿ, ಇಲ್ಲದಿದ್ದರೆ ಸಾಲುಗಳೆಲ್ಲ ನಡುವಿಗೆ ಬರುತ್ತವೆ.

ವಿಂಡೊ ಕಟ್ಟುವ ಇನ್ನೊಂದು ಸಲಕರಣೆ ಕ್ಯೂಟಿಯಲ್ಲಿ ಸೆಟ್‌ವರ್ಡ್‌ರ‍್ಯಾಪ್‌ಗೆ ಟ್ರೂ ಕೊಡಬೇಕೆಂದದ್ದು ಸರಿ. ಆದರೆ ಅದು ಸಾಲನ್ನು ಪದ ಮುಗಿದಲ್ಲಿ ಮಾತ್ರ ಮುರಿಯುತ್ತದೆ. ಇಕ್ಕಟ್ಟಿನ ವಿಂಡೊದಲ್ಲಿ ‘ಒಣಗಿಸಬೇಕಾಗಿರುವುದರಿಂದ’ ಎಂದು ಬರೆದರೆ ಅದೇನು ಮಾಡೀತು? ‘ಒಣಗಿಲ್ಲ. ಮತ್ತೆ ಕಣಕ್ಕೆ ಹಾಕಿ’ ಎಂದರೆ ರೈಟರಿಗೂ ಅರ್ಥವಾಗುತ್ತದೆ, ಲೇಬಲ್ಲಿಗೂ ಹಿಡಿಸುತ್ತದೆ.

ಎರಡು ಪುಟಕ್ಕಿಳಿಸಿ, ಸಣ್ಣ ವಿಂಡೊದ್ದೊಂದು, ದೊಡ್ಡದರದ್ದೊಂದು ಚಿತ್ರ ಸೇರಿಸಿ ಕಳಿಸಿ. ಆ ಹಸಿ ಚೀಲಗಳು ಕೊನೆಗೆ ಏನಾದವು ಎಂದೂ ಬರೆಯಿರಿ.

ಇಂತಿ,
ಸಂಪಾದಕ, ಮಡಿಕೇರಿ