ಕೇಳಿ–ಹೇಳಿ: ಟೋಪಿ ಎಸೆಯುವ ಪೈಲ್ವಾನ

ಪ್ರಶ್ನೆ: ಹಳೇ ಜೇಮ್ಸ್ ಬಾಂಡ್ ಚಿತ್ರದಲ್ಲಿ ಟೋಪಿ ಎಸೆದು ಕೊಲ್ಲುವ ದಪ್ಪ ಕತ್ತಿನ ಆಸಾಮಿ ನಿಜಕ್ಕೂ ಪೈಲ್ವಾನನಾ? ಕೊರಿಯಾದವನು ಅಂತ ನಮ್ಮನೇಲಿ ಒಬ್ಬರ ವಾದ.
— ಬಸವನಗುಡಿಯ ಓದುಗರು

ಉತ್ತರ: ಚಿತ್ರ 1964ರ ‘ಗೋಲ್ಡ್‌ಫಿಂಗರ್’, ಪಾತ್ರ ಆಡ್‌ಜಾಬ್, ನಟ ಹೆರಾಲ್ಡ್ ಸಕಾಟಾ. ಕೊರಿಯಾದ್ದು ಪಾತ್ರ ಮಾತ್ರ. ಸಕಾಟಾ ಹುಟ್ಟಿದ್ದು 1920ರಲ್ಲಿ, ಹವಾಯಿಯ ಜಪಾನಿ ಮೂಲದ ಕುಟುಂಬದಲ್ಲಿ. ಮನೆಯವರಿಟ್ಟ ಹೆಸರು ತೋಷಿಯುಕಿ.

ಕುಸ್ತಿಗೂ ಮೊದಲು ಆತ ವೇಟ್‌ಲಿಫ್ಟರ್. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಅಮೆರಿಕದ ಪರ 82.5 ಕೆ.ಜಿ. ವಿಭಾಗದಲ್ಲಿ ಬೆಳ್ಳಿ ಗೆದ್ದ, ಒಟ್ಟು 380 ಕೆ.ಜಿ. ಎತ್ತಿ. ಚಿನ್ನ ಹೋದದ್ದು ಅದೇ ತಂಡದ ಸ್ಟಾನ್ಲಿ ಸ್ಟ್ಯಾನ್‌ಚಿಕ್‌ಗೆ, 417.5 ಕೆ.ಜಿ. ಕೂದಲೆಳೆಯ ಸೋಲೇನಲ್ಲ. ಈ ಅಂಕಿಗಳನ್ನು ಇಂದಿನವರ ಜತೆ ತೂಗಬೇಡಿ: ಆಗ ಸ್ನ್ಯಾಚ್ (ನೆಲದಿಂದ ಒಂದೇ ಎಳೆತಕ್ಕೆ ತಲೆ ಮೇಲೆ), ಕ್ಲೀನ್ ಅಂಡ್ ಜರ್ಕ್ (ಮೊದಲು ಭುಜಕ್ಕೆ, ಆಮೇಲೆ ತಲೆ ಮೇಲೆ) ಜತೆಗೆ ಪ್ರೆಸ್ ಕೂಡ ಲೆಕ್ಕಕ್ಕಿತ್ತು. ಭುಜದ ಮಟ್ಟದಿಂದ ಬರೀ ತೋಳಬಲದಲ್ಲಿ ಎತ್ತಬೇಕಾದ ಪ್ರೆಸ್ಸನ್ನು ಹಲವರು ಬೆನ್ನು ಹಿಂದಕ್ಕೆ ಬಗ್ಗಿಸಿ ಎತ್ತತೊಡಗಿದರು. ತಪ್ಪೆಲ್ಲಿ, ಸರಿಯೆಲ್ಲಿ ಎಂದು ತೀರ್ಪುಗಾರರಿಗೇ ಒಮ್ಮತವಿಲ್ಲದೆ 1972ರ ನಂತರ ಅದನ್ನು ಕೈಬಿಡಲಾಯಿತು.

ಪದಕದಿಂದ ಹೊಟ್ಟೆ ತುಂಬುತ್ತಿರಲಿಲ್ಲ. ಹಾಗಾಗಿ ವೃತ್ತಿಪರ ಕುಸ್ತಿ, ರಿಂಗ್ ಹೆಸರು ಟಾಶ್ ಟೋಗೋ. ಮಹಾಯುದ್ಧ ಮುಗಿದ ಆ ಕಾಲದಲ್ಲಿ ಅಮೆರಿಕದ ಪ್ರೇಕ್ಷಕರಿಗೆ ಬೈಯಲು ಜಪಾನಿ ಖಳ ಬೇಕಿತ್ತು. ಹವಾಯಿಯ ಹುಡುಗನಿಗೆ ಆ ವೇಷ ಸಿಕ್ಕಿತು. ಬ್ರಿಟನ್ನಿನಲ್ಲಿ ಆತನ ಕುಸ್ತಿ ಕಂಡಿದ್ದ ನಿರ್ದೇಶಕ ಗೈ ಹ್ಯಾಮಿಲ್ಟನ್ ಆಡ್‌ಜಾಬ್‌ಗೆ ಆರಿಸಿದರು. ನಟನೆಯ ಅನುಭವವಿಲ್ಲ, ಆದರೆ ಪಾತ್ರ ಮೂಕ. ಚಿನ್ನದ ಗಟ್ಟಿ ಎದೆಗೆ ಬಡಿದು ಬಿದ್ದಾಗ ಆತ ನಗುವುದನ್ನು ನೋಡಿ. ಅದು ರಿಂಗ್‌ನಲ್ಲಿ ಕಲಿತ ನಗು, ಹಿಂದಿನ ಸಾಲಿನವನಿಗೂ ಮುಟ್ಟಬೇಕು. ನಮ್ಮ ಪ್ರಕಾರ ಆ ಚಿತ್ರದ ಅರ್ಧ ಭಯ ಅದರಲ್ಲೇ ಇದೆ.

ಪ್ರಶ್ನೆ: ಕಾಲೇಜು ನಾಟಕಕ್ಕೆ ಅಂಥದ್ದೇ ಟೋಪಿ ಬೇಕು. ಮಾಡೋದು ಹೇಗೆ?
— ರಾಜಾಜಿನಗರದಿಂದ

ಉತ್ತರ: ಚಿತ್ರದ ಟೋಪಿಯ ಅಂಚಿನೊಳಗೆ ಲೋಹದ ಬಳೆ ಸೇರಿಸಿದ್ದರು. ನೀವು ಲೋಹದ ತಂಟೆಗೇ ಹೋಗಬೇಡಿ. ಗಟ್ಟಿ ಫೆಲ್ಟ್ ಟೋಪಿಯ ಅಂಚನ್ನು ಮಡಿಸಿ, 6–8 ಮಿ.ಮೀ. ದಪ್ಪದ ಹತ್ತಿ ಹಗ್ಗವನ್ನು ಸುತ್ತ ಒಂದೇ ಸಮನಾಗಿ ಹೊಲಿಯಿರಿ. ತೂಕ ಅಂಚಿನಲ್ಲಿದ್ದರೆ ತಿರುಗುವ ವೇಗ ಬೇಗ ಸೋರುವುದಿಲ್ಲ, ಟೋಪಿ ಓಲಾಡುವುದಿಲ್ಲ. ಹಗ್ಗದ ಎರಡು ತುದಿ ಒಂದರ ಮೇಲೊಂದು ಬಂದರೆ ಅಲ್ಲಿ ಭಾರ ಹೆಚ್ಚಾಗಿ ವಾಲುತ್ತದೆ. ತುದಿಗಳನ್ನು ಮುಖಾಮುಖಿ ಕೂಡಿಸಿ. ಹೆಬ್ಬೆರಳು ಮೇಲೆ, ಉಳಿದ ಬೆರಳು ಕೆಳಗೆ, ಮಣಿಕಟ್ಟು ಝಾಡಿಸಿ ಎಸೆಯಬೇಕು. ಮುಂದಿನ ಅಂಚು ಮೇಲೆದ್ದರೆ ಗಾಳಿ ಹಿಡಿದು ಅಲ್ಲೇ ಬೀಳುತ್ತದೆ.

ಚಿತ್ರದಲ್ಲಿದ್ದಂತೆ ಟೋಪಿಯೇಟಿಗೆ ವಿಗ್ರಹದ ತಲೆ ಹಾರಬೇಕಾದರೆ ಥರ್ಮಾಕೋಲ್ ತಲೆಯನ್ನು ಮೊದಲೇ ಕತ್ತರಿಸಿ ಸಡಿಲವಾಗಿ ಕೂರಿಸಿ, ನೈಲಾನ್ ದಾರ ಕಟ್ಟಿ ಪರದೆಯ ಪಕ್ಕದಿಂದ ಎಳೆಯಿರಿ. ಟೋಪಿ ವಿಗ್ರಹಕ್ಕೆ ತಾಗಲೇಬೇಕೆಂದಿಲ್ಲ, ಪಕ್ಕದಲ್ಲಿ ಹಾದುಹೋದರೆ ಸಾಕು. ಕಿಡಿ ಹಾರಿಸುವ ದೃಶ್ಯ ಮಾತ್ರ ಖಂಡಿತ ಬೇಡ. ಕಂಬಿಗೆ ಸಿಕ್ಕ ಟೋಪಿ ಎಳೆಯುವಾಗ ವಿದ್ಯುತ್ ಹೊಡೆಯುವ ಚಿತ್ರೀಕರಣದಲ್ಲಿ ಸಕಾಟಾ ಕೈ ಸುಟ್ಟುಕೊಂಡರೂ, ನಿರ್ದೇಶಕ ‘ಕಟ್’ ಅನ್ನುವವರೆಗೆ ಟೋಪಿ ಬಿಟ್ಟಿರಲಿಲ್ಲ.

ಪ್ರಶ್ನೆ: ಮಗ ಪೇಟೆಯ ಗರಡಿ ಮನೇಲಿ ಸಾಮು ಮಾಡ್ತಾನೆ. ಟೀವಿ ಕುಸ್ತಿ, ಸಿನಿಮಾ ಫೈಟ್ ಅಂತ ಆಸೆ. ಗರಡಿ ಕಲಿಕೆ ಸಾಕಾ?
— ಚಾಮರಾಜಪೇಟೆ

ಉತ್ತರ: ಕಸುವಿಗೆ ಸಾಕು, ಬೀಳುವುದಕ್ಕೆ ಸಾಲದು. ಮಟ್ಟಿಯಲ್ಲಿ, ಅಂದರೆ ಗರಡಿಯ ಮಣ್ಣಿನ ಅಖಾಡದಲ್ಲಿ, ಬೆನ್ನು ತಾಗಿದರೆ ಚಿತ್, ಸೋಲು. ಹಾಗಾಗಿ ಪೈಲ್ವಾನ ಬೀಳುವಾಗ ತಿರುಚಿಕೊಳ್ಳುತ್ತಾನೆ, ಕೈ ಊರುತ್ತಾನೆ. ಟೀವಿ ಕುಸ್ತಿಯಲ್ಲಿ ಬೇಕಾದ್ದೇ ಬೆನ್ನು ಹಾಸಿ ಬೀಳುವುದು. ಅಲ್ಲಿ ಕೈ ಊರಿದರೆ ಮಣಿಕಟ್ಟು ಮುರಿಯುತ್ತದೆ. ಮಟ್ಟಿಯ ಮಣ್ಣು ಎಣ್ಣೆ, ಮಜ್ಜಿಗೆ, ಅರಿಶಿನ ಕುಡಿದು ಮೆತ್ತಗಿರುತ್ತದೆ. ರಿಂಗ್ ಅಂದರೆ ಕಬ್ಬಿಣದ ತೊಲೆ, ಮೇಲೆ ಹಲಗೆ, ತೆಳ್ಳನೆ ಫೋಮ್, ಕ್ಯಾನ್ವಾಸ್.

ಅಭ್ಯಾಸ ಕುಕ್ಕರಗಾಲಿನಿಂದ ಶುರುವಾಗಲಿ, ಅದೂ ದಪ್ಪ ಮ್ಯಾಟ್ ಮೇಲೆ. ಗದ್ದ ಎದೆಗೆ ಒತ್ತಿರಲಿ, ಕಣ್ಣು ಹೊಟ್ಟೆಯ ಕಡೆ. ಉಸಿರು ಬಿಡುತ್ತಾ ಹಿಂದಕ್ಕೆ ಹೋಗಿ ಬೆನ್ನಿನ ಮೇಲ್ಭಾಗ ಊರಬೇಕು, ಅದೇ ಕ್ಷಣ ಪಕ್ಕಕ್ಕೆ ಚಾಚಿದ ಎರಡೂ ಅಂಗೈ ನೆಲಕ್ಕೆ ಬಡಿಯಬೇಕು. ಚಾವಣಿ ನೋಡಿದರೆ ತಲೆ ಹಿಂದಕ್ಕೆ ಬಡಿಯುತ್ತದೆ. ಮೊಣಕೈ ಮೊದಲು ತಾಗಿದರೆ ಏಟೆಲ್ಲಾ ಭುಜಕ್ಕೆ. ಕಲಿಸುವವರಿಲ್ಲದೆ, ಯೂಟ್ಯೂಬ್ ನೋಡಿಕೊಂಡು ತಾರಸಿಯ ಮೇಲೆ ಮಾಡಲು ಬಿಡಬೇಡಿ.

ಪ್ರಶ್ನೆ: ಬಾಂಡ್ ಚಿತ್ರದ ನಂತರ ಸಕಾಟಾ ಏನಾದ?
— ಮಲ್ಲೇಶ್ವರ

ಉತ್ತರ: ಸಣ್ಣಪುಟ್ಟ ಚಿತ್ರಗಳು, ಟೀವಿ ಹಾಸ್ಯ ಸರಣಿ ‘ಗಿಲ್ಲಿಗನ್ಸ್ ಐಲ್ಯಾಂಡ್’ನ ಒಂದು ಕಂತು, ಬಹುತೇಕ ಖಳನ ಬಲಗೈಯೇ. ಒಂದೇ ಅಚ್ಚಿಗೆ ಸಿಕ್ಕಿಬಿದ್ದ ಅಂತ ಕೆಲವರ ಕೊರಗು. ಆತ ಆ ಅಚ್ಚನ್ನೇ ಮಾರಿಕೊಂಡ ಅನ್ನುವುದು ಹೆಚ್ಚು ಸರಿ. ವಿಕ್ಸ್ ಕೆಮ್ಮಿನ ಔಷಧಿಯ ಜಾಹೀರಾತಿನಲ್ಲಿ ಆಡ್‌ಜಾಬ್ ವೇಷದಲ್ಲೇ ಬಂದು, ಕೆಮ್ಮಿ ಕೆಮ್ಮಿ ಮನೆಯನ್ನೆಲ್ಲಾ ಪುಡಿಮಾಡಿದ. ಅಮೆರಿಕದ ಟೀವಿ ನಿರೂಪಕ ಜಾನಿ ಕಾರ್ಸನ್‌ನ ಕಾರ್ಯಕ್ರಮದಲ್ಲೂ ಅದನ್ನೇ ಆಡಿ ಸೆಟ್ ಒಡೆದ. ಕೆಲವು ಚಿತ್ರಗಳಲ್ಲಿ ಹೆಸರಿನ ನಡುವೆ ‘ಆಡ್‌ಜಾಬ್’ ಸೇರಿಸಿ ಹಾಕಿದ್ದಾರೆ, ಹುಡುಕುವಾಗ ಹಾಗೂ ನೋಡಿ. 1982ರ ಜುಲೈಯಲ್ಲಿ ಹೊನೊಲುಲುವಿನಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡ.