ಆಯಿಲ್ ಬದಲಾಯಿತು, ಪಾನಾ ಗುರುತು ಮಾತ್ರ ಹೋಗಲಿಲ್ಲ

ಪ್ರಶ್ನೆ: ನಾನು ನಿವೃತ್ತ ಹೈಸ್ಕೂಲ್ ಮೇಷ್ಟ್ರು. ದಾವಣಗೆರೆ ವಿದ್ಯಾನಗರದಲ್ಲಿ ಮನೆ. ನನ್ನದು ಹ್ಯುಂಡೈ ಐ20 ಪೆಟ್ರೋಲ್ ಕಾರು, ವಾರಂಟಿ ಮುಗಿದಿದೆ. ಹೋದ ತಿಂಗಳು ಪರಿಚಯದ ಮೆಕ್ಯಾನಿಕ್ ಮನೆಗೇ ಬಂದು ಆಯಿಲ್, ಆಯಿಲ್ ಫಿಲ್ಟರ್ ಎರಡನ್ನೂ ಬದಲಿಸಿದ. ಆದರೂ ಕಾರು ಆನ್ ಮಾಡಿದಾಗಲೆಲ್ಲ ಮೀಟರ್‌ನಲ್ಲಿ ಪಾನಾ ಗುರುತಿನ ಜೊತೆ ‘ಸರ್ವೀಸ್ ರಿಕ್ವೈರ್ಡ್’ ಅಂತ ಬರುತ್ತದೆ. ಅವನನ್ನು ಕೇಳಿದರೆ ‘ಏನೂ ಆಗಲ್ಲ ಬಿಡ್ರಿ ಸಾರ್’ ಅನ್ನುತ್ತಾನೆ. ಶಿವಮೊಗ್ಗದಲ್ಲಿರುವ ಮಗಳ ಮನೆಗೆ ಹೋಗಬೇಕು. ಇದು ಹೋಗುವ ತನಕ ಹೊರಡುವುದು ಬೇಡ ಅಂತ ಮನೆಯವರು ಪಟ್ಟು ಹಿಡಿದಿದ್ದಾರೆ. ಇದನ್ನು ಮನೆಯಲ್ಲೇ ತೆಗೆಯಬಹುದೇ? ತೆಗೆದರೆ ಗಾಡಿಗೆ ಏನಾದರೂ ತೊಂದರೆಯೇ?

ಉತ್ತರ: ಮೇಷ್ಟ್ರೇ, ಖಂಡಿತ ತೆಗೆಯಬಹುದು. ಪಾನಾ, ಸ್ಕ್ರೂಡ್ರೈವರ್ ಏನೂ ಬೇಡ. ಎರಡು ನಿಮಿಷದ ಕೆಲಸ, ಗಾಡಿಗೆ ತೊಂದರೆಯಿಲ್ಲ.

ಮೊದಲು ಆ ಬರಹದ ಅರ್ಥ ಹೇಳುತ್ತೇನೆ. ಅದು ಗೊತ್ತಾದರೆ ಮನೆಯವರ ಭಯವೂ ಹೋಗುತ್ತದೆ. ‘ಸರ್ವೀಸ್ ರಿಕ್ವೈರ್ಡ್’ ಅಂದರೆ ಇಂಜಿನ್ ಕೆಟ್ಟಿದೆ ಅಂತಲ್ಲ. ನಿಮ್ಮ ಕಾರಿನಲ್ಲಿ ಆಯಿಲ್ ಹೊಸದೋ ಹಳೆಯದೋ ಅಂತ ನೋಡಿ ಹೇಳುವ ಸಾಧನವೇ ಇಲ್ಲ. ಇರುವುದು ಎರಡು ಲೆಕ್ಕ ಮಾತ್ರ: ಓಡಿದ ಕಿಲೋಮೀಟರ್, ಕಳೆದ ದಿನ. ಎರಡರಲ್ಲಿ ಯಾವುದು ಮೊದಲು ಮುಗಿಯುತ್ತದೋ ಅದಕ್ಕೆ ಬರಹ ಕಾಣಿಸುತ್ತದೆ. ಹ್ಯುಂಡೈ ಕಾರುಗಳಲ್ಲಿ 1,500 ಕಿ.ಮೀ. ಅಥವಾ 30 ದಿನ ಉಳಿದಾಗಲೇ ‘ಸರ್ವೀಸ್ ಇನ್’ ಅಂತ ಎಚ್ಚರಿಸಲು ಶುರುಮಾಡುತ್ತದೆ. ಅವಧಿ ಮುಗಿದ ಮೇಲೆ ‘ರಿಕ್ವೈರ್ಡ್’ ಆಗುತ್ತದೆ. ನಿಮ್ಮ ಮೆಕ್ಯಾನಿಕ್ ಆಯಿಲ್ ಬದಲಿಸಿದ್ದು ಆ ಲೆಕ್ಕಕ್ಕೆ ಗೊತ್ತಾಗಿಲ್ಲ. ನಾವೇ ತಿಳಿಸಬೇಕು, ಅಷ್ಟೇ. ಅದಕ್ಕೇ ರೀಸೆಟ್ ಅನ್ನುವುದು.

ಅದಕ್ಕೂ ಮೊದಲು ಒಂದು ಸಲ ಆಯಿಲ್ ಮಟ್ಟ ನೋಡಿಬಿಡಿ. ನಿಮ್ಮ ಮೆಕ್ಯಾನಿಕ್ ಮೇಲೆ ಅನುಮಾನ ಪಟ್ಟು ಹೇಳುತ್ತಿಲ್ಲ. ರೀಸೆಟ್ ಮಾಡಿದ ಮೇಲೆ ಮುಂದಿನ ಸರ್ವೀಸ್‌ವರೆಗೆ ಆ ಮೀಟರ್ ನಿಮ್ಮನ್ನು ಕೇಳುವುದಿಲ್ಲ. ಹಾಗಾಗಿ ಈಗಲೇ ನೋಡಿಕೊಳ್ಳುವುದು ಒಳ್ಳೆಯದು. ಕಾರು ಸಮತಟ್ಟು ಜಾಗದಲ್ಲಿರಲಿ. ಇಂಜಿನ್ ಆಫ್ ಮಾಡಿ ಐದು ನಿಮಿಷ ಬಿಡಿ. ಆಯಿಲ್ ಅಳೆಯುವ ಕಡ್ಡಿ, ಅಂದರೆ ಡಿಪ್‌ಸ್ಟಿಕ್ ಎಳೆದು ಒರೆಸಿ, ಮತ್ತೆ ಪೂರ್ತಿ ಇಳಿಸಿ ತೆಗೆಯಿರಿ. ಆಯಿಲ್ ಎರಡು ಗುರುತುಗಳ ನಡುವೆ ಇರಬೇಕು. ಕಾರು ನಿಂತ ಜಾಗದಲ್ಲಿ ನೆಲದ ಮೇಲೆ ಹನಿ ಬಿದ್ದಿದೆಯೇ ಅಂತಲೂ ನೋಡಿ. ಹಳೇ ಆಯಿಲ್ ಇಳಿಸಲು ಬಿಚ್ಚುವ ಡ್ರೈನ್ ಬೋಲ್ಟಿನ ಹಳೇ ವಾಷರನ್ನೇ ಮತ್ತೆ ಹಾಕಿದ್ದರೆ ಅಲ್ಲಿ ಸೋರುವುದುಂಟು.

ಇನ್ನು ರೀಸೆಟ್. ಕಾರು ಪಾರ್ಕಿಂಗ್‌ನಲ್ಲಿರಲಿ, ಹ್ಯಾಂಡ್‌ಬ್ರೇಕ್ ಎಳೆದಿರಲಿ. ಇಗ್ನಿಷನ್ ಆನ್ ಮಾಡಿ, ಇಂಜಿನ್ ಸ್ಟಾರ್ಟ್ ಮಾಡಬೇಡಿ. ಬಟನ್ ಸ್ಟಾರ್ಟ್ ಗಾಡಿಯಾದರೆ ಕ್ಲಚ್ಚು, ಬ್ರೇಕು ಯಾವುದನ್ನೂ ತುಳಿಯದೆ ಬಟನ್ ಎರಡು ಸಲ ಒತ್ತಿದರೆ ಮೀಟರ್ ದೀಪಗಳೆಲ್ಲ ಹತ್ತುತ್ತವೆ. ಸ್ಟೇರಿಂಗ್ ಮೇಲಿನ ಗುಂಡಿಗಳಿಂದ ಮೀಟರ್‌ನಲ್ಲಿ ‘ಯೂಸರ್ ಸೆಟ್ಟಿಂಗ್ಸ್’ಗೆ ಹೋಗಿ. ಅದರಲ್ಲಿ ‘ಸರ್ವೀಸ್ ಇಂಟರ್ವಲ್’ ಇರುತ್ತದೆ. ಒಳಗೆ ‘ರೀಸೆಟ್’ ಸಿಕ್ಕಾಗ ಓಕೆ ಗುಂಡಿಯನ್ನು ಒತ್ತಿ ಹಿಡಿಯಿರಿ. ಸುಮ್ನೆ ಮುಟ್ಟಿ ಬಿಟ್ಟರೆ ಆಗುವುದಿಲ್ಲ. ತುಂಬಾ ಜನ ತಪ್ಪುವುದು ಇಲ್ಲೇ. ವರ್ಷ, ಮಾದರಿ ಬದಲಾದಂತೆ ಮೆನುವಿನ ಹೆಸರು ಸ್ವಲ್ಪ ಬದಲಾಗಬಹುದು. ಡ್ಯಾಶ್‌ಬೋರ್ಡ್ ಡ್ರಾಯರ್‌ನಲ್ಲಿ ಕವರ್ ಸಮೇತ ಇರುವ ಆ ದಪ್ಪ ಪುಸ್ತಕ ತೆಗೆಯಿರಿ, ಅದರಲ್ಲಿ ನಿಮ್ಮ ಮಾದರಿಯ ಚಿತ್ರವೇ ಇದೆ.

ರೀಸೆಟ್ ಮಾಡಿ ಅಲ್ಲಿಗೇ ಬಿಡಬೇಡಿ. ಆಯಿಲ್ ಬದಲಾಗಿ ಒಂದು ತಿಂಗಳಾಗಿದೆ, ಅಲ್ವಾ? ಆದರೆ ಮೀಟರ್ ಇವತ್ತಿನಿಂದ ಎಣಿಸಲು ಶುರುಮಾಡುತ್ತದೆ. ಈ ತಿಂಗಳಲ್ಲಿ ನೀವು 600 ಕಿ.ಮೀ. ಓಡಿಸಿದ್ದೀರಿ ಅಂದುಕೊಳ್ಳಿ. ಮುಂದಿನ ಸಲ ಮೀಟರ್ 600 ಕಿ.ಮೀ. ತಡವಾಗಿ ಹೇಳುತ್ತದೆ. ಆದ್ದರಿಂದ ಆಯಿಲ್ ಬದಲಿಸಿದ ದಿನಾಂಕ, ಆ ದಿನದ ಕಿಲೋಮೀಟರ್, ಹಾಕಿದ ಆಯಿಲ್‌ನ ಹೆಸರು ಮತ್ತು ಗ್ರೇಡ್ ಒಂದು ಚೀಟಿಯಲ್ಲಿ ಬರೆದು ಬಾಗಿಲಿನ ಒಳಭಾಗಕ್ಕೆ ಅಂಟಿಸಿ. ಬಿಲ್ಲನ್ನು ಫೈಲಿನಲ್ಲಿಡಿ. ಚೀಟಿಗೂ ಮೀಟರ್‌ಗೂ ಹೊಂದದಿದ್ದರೆ ಚೀಟಿಯನ್ನೇ ನಂಬಿ. ಬ್ಯಾಟರಿ ತೆಗೆದು ಹಾಕಿದಾಗಲೂ ಮೀಟರಿನ ಲೆಕ್ಕ ತಪ್ಪಬಹುದು ಅಂತ ಹ್ಯುಂಡೈ ಪುಸ್ತಕವೇ ಹೇಳುತ್ತದೆ.

ಚೀಟಿಯ ವಿಷಯದಲ್ಲಿ ನಾನು ಇಷ್ಟು ಒತ್ತಿ ಹೇಳಲು ಕಾರಣವಿದೆ. ಕೆಲವು ವರ್ಷದ ಹಿಂದೆ ಹರಿಹರದ ಕಡೆಯ ಒಬ್ಬರು ಸೆಕೆಂಡ್ ಹ್ಯಾಂಡ್ ಕಾರು ಕೊಂಡು ನನ್ನ ಹತ್ತಿರ ತಂದರು. ಇಂಜಿನ್ ಸದ್ದು ಮಾಡುತ್ತಿತ್ತು. ಮೀಟರ್ ನೋಡಿದರೆ ಮುಂದಿನ ಸರ್ವೀಸ್‌ಗೆ ಇನ್ನೂ 8,000 ಕಿ.ಮೀ. ಇದೆ. ಅದನ್ನೇ ನಂಬಿ ಅವರು ನೆಮ್ಮದಿಯಾಗಿ ಓಡಿಸಿದ್ದರು. ಡ್ರೈನ್ ಬೋಲ್ಟ್ ಬಿಚ್ಚಿದೆ. ಆಯಿಲ್ ಸರಿಯಾಗಿ ಸುರಿಯಲೂ ಇಲ್ಲ, ಡಾಂಬರಿನ ಹಾಗೆ ಜೋತಾಡಿಕೊಂಡು ಇಳಿಯಿತು. ಮಾರುವ ಮೊದಲು ಯಾರೋ ಆಯಿಲ್ ಮುಟ್ಟದೆ ಬರೀ ರೀಸೆಟ್ ಒತ್ತಿದ್ದರು. ಆ ಮನುಷ್ಯ ಸಾಲ ಮಾಡಿ ಕೊಂಡ ಕಾರು ಅದು. ಇಂಜಿನ್ ಇಳಿಸಿ ಬಿಚ್ಚಬೇಕಾಯಿತು. ಅವರ ಮುಖ ನನಗೆ ಈಗಲೂ ನೆನಪಿದೆ. ಹಾಗಾಗಿ ಹಳೇ ಕಾರು ಕೊಳ್ಳುವವರು ಮೀಟರ್ ಏನೇ ಹೇಳಲಿ, ಬಿಲ್ ಕೇಳಿ. ಬಿಲ್ ಇಲ್ಲದಿದ್ದರೆ ಮೊದಲ ದಿನವೇ ಆಯಿಲ್, ಫಿಲ್ಟರ್ ಬದಲಿಸಿ, ಆಮೇಲೆ ರೀಸೆಟ್ ಮಾಡಿ.

ಮೇಷ್ಟ್ರೇ, ಆಯಿಲ್ ಮಟ್ಟ ಸರಿಯಿದ್ದರೆ ಧೈರ್ಯವಾಗಿ ಶಿವಮೊಗ್ಗಕ್ಕೆ ಹೊರಡಿ. ಆದರೆ ಮನೆಯವರಿಗೆ ಒಂದು ದೀಪ ತೋರಿಸಿಕೊಡಿ: ಗಿಂಡಿಯ ಆಕಾರದ್ದು, ತುದಿಯಲ್ಲಿ ಹನಿ ಇರುತ್ತದೆ, ಬಣ್ಣ ಕೆಂಪು. ಇಗ್ನಿಷನ್ ಆನ್ ಮಾಡಿದಾಗ ಹತ್ತಿ, ಸ್ಟಾರ್ಟ್ ಆದ ಮೇಲೆ ಆರಿದರೆ ಸರಿ. ಓಡುವಾಗ ಹತ್ತಿದರೆ ಆಯಿಲ್ ಪ್ರೆಶರ್ ಇಲ್ಲ ಅಂತ ಅರ್ಥ. ಆಗ ಪಕ್ಕಕ್ಕೆ ನಿಲ್ಲಿಸಿ ತಕ್ಷಣ ಇಂಜಿನ್ ಆಫ್ ಮಾಡಬೇಕು. ಮುಂದಿನ ಊರಿನವರೆಗೆ ಹೋಗೋಣ ಅನ್ನಬಾರದು. ಭಯ ಪಡಬೇಕಾದದ್ದು ಆ ದೀಪಕ್ಕೆ.

ಪ್ರಶ್ನೆ: ಚಿತ್ರದುರ್ಗದಲ್ಲಿ ನಮ್ಮದು ಫೋರ್ಡ್ ಇಕೋಸ್ಪೋರ್ಟ್. ಆಯಿಲ್ ಬದಲಿಸಿದ ಮೇಲೂ ಅದನ್ನು ಬದಲಿಸಿ ಅಂತ ಸಂದೇಶ ಬರುತ್ತಿದೆ. ಮೀಟರ್ ಮೆನುವಿನಲ್ಲಿ ಎಷ್ಟು ಹುಡುಕಿದರೂ ರೀಸೆಟ್ ಸಿಗಲಿಲ್ಲ. ಬೇರೆ ಕಂಪನಿ ಗಾಡಿಗಳಲ್ಲೂ ಹೀಗೇನಾ?

ಉತ್ತರ: ನಿಮ್ಮ ಗಾಡಿಯಲ್ಲಿ ಅದು ಮೆನುವಿನಲ್ಲಿಲ್ಲ, ಕಾಲಿನ ಕೆಳಗಿದೆ! ಇಗ್ನಿಷನ್ ಆನ್ ಮಾಡಿ, ಇಂಜಿನ್ ಬೇಡ. ಬ್ರೇಕ್ ಮತ್ತು ಆಕ್ಸಿಲರೇಟರ್ ಎರಡನ್ನೂ ಒಟ್ಟಿಗೆ ಪೂರ್ತಿ ತುಳಿದು ಹಿಡಿಯಿರಿ. ಮೀಟರ್‌ನಲ್ಲಿ ರೀಸೆಟ್ ಆಯಿತು ಅಂತ ಬರುವವರೆಗೆ ಕಾಲು ತೆಗೆಯಬೇಡಿ. ಅರ್ಧ ನಿಮಿಷದ ತನಕ ಹಿಡಿಯಬೇಕಾಗಬಹುದು. ಬಟನ್ ಸ್ಟಾರ್ಟ್ ಗಾಡಿಯಾದರೆ ಮೊದಲು ಇಗ್ನಿಷನ್ ಆನ್ ಮಾಡಿಕೊಂಡು ಆಮೇಲೆ ಬ್ರೇಕ್ ತುಳಿಯಿರಿ. ಬ್ರೇಕ್ ತುಳಿದು ಬಟನ್ ಒತ್ತಿದರೆ ಗಾಡಿ ಸ್ಟಾರ್ಟ್ ಆಗಿಬಿಡಬಹುದು. ಫೋರ್ಡ್ 2021ರಲ್ಲಿ ನಮ್ಮ ದೇಶದಲ್ಲಿ ಕಾರು ತಯಾರಿ ನಿಲ್ಲಿಸುವುದಾಗಿ ಹೇಳಿದ ಮೇಲೆ ಎಷ್ಟೋ ಜನ ಹೊರಗಿನ ಗ್ಯಾರೇಜಿನಲ್ಲೇ ಕೆಲಸ ಮಾಡಿಸುತ್ತಿದ್ದಾರೆ. ಹಾಗಾಗಿ ಇದನ್ನು ಮಾಲೀಕರೇ ಕಲಿತಿರುವುದು ಒಳ್ಳೆಯದು.

ಬೇರೆ ಕಂಪನಿಗಳದ್ದು ಬೇರೆ ಬೇರೆ ದಾರಿ. ಟೊಯೋಟಾದ ಹಲವು ಹಳೆಯ ಮಾದರಿಗಳಲ್ಲಿ ಮೀಟರನ್ನು ಟ್ರಿಪ್ ‘ಎ’ಗೆ ತಂದು, ಇಗ್ನಿಷನ್ ಆಫ್ ಮಾಡಿ, ಟ್ರಿಪ್ ಗುಂಡಿ ಒತ್ತಿ ಹಿಡಿದುಕೊಂಡೇ ಮತ್ತೆ ಆನ್ ಮಾಡಬೇಕು. ಸೊನ್ನೆಗಳು ಬಂದ ಮೇಲೆ ಗುಂಡಿ ಬಿಡಬೇಕು. ಫೋಕ್ಸ್‌ವ್ಯಾಗನ್, ಸ್ಕೋಡಾದ ಹಲವು ಗುಂಡಿ ಮೀಟರ್‌ಗಳಲ್ಲೂ ಇದೇ ಥರ. ಇಗ್ನಿಷನ್ ಆಫ್ ಇರುವಾಗ ಟ್ರಿಪ್ ರೀಸೆಟ್ ಗುಂಡಿ ಹಿಡಿದು ಆನ್ ಮಾಡಿದರೆ, ರೀಸೆಟ್ ಮಾಡಲೇ ಅಂತ ಅದೇ ಕೇಳುತ್ತದೆ. ಹೊಸ ಟಚ್ ಸ್ಕ್ರೀನ್ ಗಾಡಿಗಳಲ್ಲಿ ಸೆಟ್ಟಿಂಗ್ಸ್ ಒಳಗೆ ‘ಸರ್ವೀಸ್’ ಅಂತ ಇರುತ್ತದೆ. ಅಲ್ಲಿ ಆಯಿಲ್ ಲೆಕ್ಕ ಬೇರೆ, ಇನ್ಸ್‌ಪೆಕ್ಷನ್ ಲೆಕ್ಕ ಬೇರೆ ಇದ್ದರೆ, ಯಾವ ಕೆಲಸ ಮಾಡಿಸಿದ್ದೀರೋ ಅದನ್ನಷ್ಟೇ ಒತ್ತಿ.

ವಾರಂಟಿ ಇನ್ನೂ ಇರುವ ಗಾಡಿಯಾದರೆ ಒಂದು ಮಾತು. ಮೀಟರ್ ರೀಸೆಟ್ ಮಾಡಿದ ಮಾತ್ರಕ್ಕೆ ಕಂಪನಿ ದಾಖಲೆಯಲ್ಲಿ ಸರ್ವೀಸ್ ಆದಂತೆ ಆಗುವುದಿಲ್ಲ. ಮುಂದೆ ಇಂಜಿನ್‌ಗೆ ಏನಾದರೂ ಆದರೆ ಅವರು ಕೇಳುವುದು ಸರ್ವೀಸ್ ದಾಖಲೆ.

ಪ್ರಶ್ನೆ: ಚಳ್ಳಕೆರೆಯಿಂದ ಬರೆಯುತ್ತಿದ್ದೇನೆ. ನಮ್ಮ ಯಜಮಾನರು ಭಾನುವಾರ ಮನೆಯಲ್ಲೇ ಏರ್ ಫಿಲ್ಟರ್ ತೆಗೆದು ಸ್ವಚ್ಛ ಮಾಡಿ ಹಾಕಿದರು. ಸೋಮವಾರದಿಂದ ಇಂಜಿನ್ ಚಿತ್ರದ ಹಳದಿ ದೀಪ ಹತ್ತಿದೆ. ಸರ್ವೀಸ್ ರೀಸೆಟ್ ಮಾಡಿದರೂ ಆರಲಿಲ್ಲ.

ಉತ್ತರ: ಮೇಡಂ, ಆ ರೀಸೆಟ್‌ನಿಂದ ಈ ದೀಪ ಆರುವುದಿಲ್ಲ, ಆರಲೂಬಾರದು. ಸರ್ವೀಸ್ ಬರಹ ಬರೀ ಕಿಲೋಮೀಟರ್, ದಿನದ ಲೆಕ್ಕ. ಇಂಜಿನ್ ದೀಪ ಹಾಗಲ್ಲ. ಯಾವುದೋ ಸೆನ್ಸರ್ ತಪ್ಪು ಕಂಡಿದೆ, ಅದರ ಕೋಡ್ ಗಾಡಿಯ ಕಂಪ್ಯೂಟರಿನಲ್ಲಿ ದಾಖಲಾಗಿದೆ.

ನಿಮ್ಮ ಪತ್ರದಲ್ಲೇ ಅರ್ಧ ಉತ್ತರ ಇದೆ. ಏರ್ ಫಿಲ್ಟರ್ ಡಬ್ಬಿಯ ಹತ್ತಿರ, ಇಂಜಿನ್‌ಗೆ ಹೋಗುವ ಪೈಪಿನ ಮೇಲೆ ಗಾಳಿ ಅಳೆಯುವ ಸೆನ್ಸರ್ ಹಲವು ಗಾಡಿಗಳಲ್ಲಿ ಇರುತ್ತದೆ. ಡಬ್ಬಿ ಬಿಚ್ಚುವಾಗ ಅದರ ವೈರಿನ ಸಾಕೆಟ್ ತೆಗೆದಿರುತ್ತಾರೆ, ಹಾಕುವಾಗ ‘ಟಿಕ್’ ಅನ್ನುವಷ್ಟು ಒತ್ತಿರುವುದಿಲ್ಲ. ಇಲ್ಲವೇ ಪೈಪಿನ ಕ್ಲಿಪ್ ಸಡಿಲ ಇರುತ್ತದೆ. ಇಂಜಿನ್ ಆಫ್ ಮಾಡಿ, ತಣ್ಣಗಾದ ಮೇಲೆ ಯಜಮಾನರಿಗೆ ಇವೆರಡನ್ನು ನೋಡಲು ಹೇಳಿ. ಸರಿ ಕೂರಿಸಿದ ಮೇಲೆ ಕೆಲವು ಗಾಡಿಗಳಲ್ಲಿ ಒಂದೆರಡು ದಿನ ಓಡಿಸಿದರೆ ದೀಪ ತಾನೇ ಆರುತ್ತದೆ. ಆರದಿದ್ದರೆ ಸ್ಕ್ಯಾನರ್ ಇರುವ ಗ್ಯಾರೇಜಿಗೆ ಹೋಗಿ. ಸ್ಟೇರಿಂಗ್ ಕೆಳಗಿರುವ ಓಬಿಡಿ ಸಾಕೆಟ್‌ಗೆ ಸ್ಕ್ಯಾನರ್ ಚುಚ್ಚಿ ಕೋಡ್ ಓದುತ್ತಾರೆ. ಓದಿದ್ದನ್ನು ಮೊಬೈಲ್‌ನಲ್ಲಿ ಫೋಟೋ ತೆಗೆದುಕೊಳ್ಳಿ. ಆಮೇಲೆ ಅಳಿಸಲಿ. ಓದದೆ ಅಳಿಸಿದರೆ ರೋಗದ ಗುರುತೇ ಹೋದಂತೆ. ದೀಪ ಮಿಣುಕುತ್ತಿದ್ದು ಇಂಜಿನ್ ಜಗ್ಗಿದರೆ ಮಾತ್ರ ಓಡಿಸಬೇಡಿ, ಎಳೆದುಕೊಂಡು ಹೋಗಲು ಹೇಳಿ.

ಬಿಎಸ್-6 ಡೀಸೆಲ್ ಗಾಡಿ ಇರುವವರಿಗೆ ಇನ್ನೊಂದು ದೀಪ ಕಾಡುತ್ತದೆ, ಹೊಗೆಯ ಮಸಿ ಹಿಡಿಯುವ ಡಿಪಿಎಫ್‌ನದು. ಅದೂ ಗುಂಡಿ ಒತ್ತಿದರೆ ಹೋಗುವುದಲ್ಲ. ಊರೊಳಗೇ ಎರಡು ಮೂರು ಕಿ.ಮೀ. ಓಡಿಸುತ್ತಿದ್ದರೆ ಮಸಿ ಸುಡುವಷ್ಟು ಬಿಸಿ ಬರುವುದಿಲ್ಲ. ದೀಪ ಹತ್ತಿದಾಗ ದಾವಣಗೆರೆಯಿಂದ ಚಿತ್ರದುರ್ಗದ ಕಡೆಗೆ ಹೈವೇಯಲ್ಲಿ ಪುಸ್ತಕ ಹೇಳಿದ ವೇಗದಲ್ಲಿ ನಿಲ್ಲಿಸದೆ 20 ನಿಮಿಷ ಹೋಗಿಬನ್ನಿ. ಬಹಳ ಸಲ ಅಷ್ಟಕ್ಕೇ ಆರುತ್ತದೆ.

ಪ್ರಶ್ನೆ: ಹೊಸದುರ್ಗದ ಹತ್ತಿರ ನಮ್ಮ ತೆಂಗಿನ ತೋಟ. ಹೊಸ ಕಾರು. ದಿನಾ ನಾಲ್ಕು ಕಿ.ಮೀ. ಮಣ್ಣಿನ ರಸ್ತೆ. ಆಯಿಲ್ ಬದಲಿಸಲು ಪುಸ್ತಕದಲ್ಲಿ 10,000 ಕಿ.ಮೀ. ಅಥವಾ ಒಂದು ವರ್ಷ ಅಂತಿದೆ. ಮೀಟರ್ ಹೇಳುವ ತನಕ ಕಾಯಬಹುದೇ?

ಉತ್ತರ: ಕಾಯಬೇಡಿ. ಅದೇ ಪುಸ್ತಕದಲ್ಲಿ ಇನ್ನೆರಡು ಪುಟ ತಿರುವಿ. ‘ಸಿವಿಯರ್ ಕಂಡೀಷನ್’ ಅಂತ ಇನ್ನೊಂದು ಪಟ್ಟಿ ಇರುತ್ತದೆ. ಧೂಳು, ಕೆಟ್ಟ ರಸ್ತೆ, ಇಂಜಿನ್ ಪೂರ್ತಿ ಬಿಸಿಯಾಗುವ ಮೊದಲೇ ನಿಲ್ಲಿಸುವ ಸಣ್ಣ ಓಡಾಟ, ಎಲ್ಲವೂ ಅದರಲ್ಲಿ ಬರುತ್ತವೆ. ನಿಮ್ಮದು ಮೂರೂ ಹೌದು. ಸಣ್ಣ ಓಡಾಟದಲ್ಲಿ ಆಯಿಲ್‌ನೊಳಗಿನ ತೇವ, ಇಂಧನದ ಅಂಶ ಆವಿಯಾಗಿ ಹೋಗಲು ಸಮಯವೇ ಸಿಗುವುದಿಲ್ಲ. ಕಿಲೋಮೀಟರ್ ಕಡಿಮೆ ಇದ್ದರೂ ಆಯಿಲ್ ಹಾಳಾಗಿರುತ್ತದೆ. ಆ ಪಟ್ಟಿಯಲ್ಲಿರುವ ಅವಧಿಯನ್ನೇ ಹಿಡಿಯಿರಿ. ನಿಮ್ಮ ಮೀಟರ್‌ನಲ್ಲಿ ಸರ್ವೀಸ್ ಅಂತರವನ್ನು ನಾವೇ ಬದಲಿಸುವ ಸೌಲಭ್ಯ ಇದ್ದರೆ ಅದನ್ನೂ ಇಳಿಸಿಡಿ, ಮೀಟರ್ ಬೇಗ ನೆನಪಿಸುತ್ತದೆ.

ಏರ್ ಫಿಲ್ಟರ್‌ಗಂತೂ ಯಾವ ದೀಪವನ್ನೂ ಕಾಯಬೇಡಿ. ಬೇಸಿಗೆಯಲ್ಲಿ ತಿಂಗಳಿಗೊಮ್ಮೆ ಡಬ್ಬಿ ತೆರೆದು, ಫಿಲ್ಟರ್ ಹೊರತೆಗೆದು ಬಿಸಿಲಿಗೆ ಹಿಡಿದು ನೋಡಿ. ಕಾಗದದ ಮಡಿಕೆಗಳ ಹಿಂದಿನಿಂದ ಬೆಳಕು ಕಾಣದಿದ್ದರೆ ಹೊಸದು ಹಾಕಿ. ಡಬ್ಬಿಯೊಳಗೆ ಉಳಿದ ಮಣ್ಣನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ, ಇಂಜಿನ್ ಕಡೆಯ ಪೈಪಿಗೆ ಒಂದು ಕಣವೂ ಬೀಳದ ಹಾಗೆ ನೋಡಿಕೊಳ್ಳಿ. ಮುಚ್ಚುವಾಗ ಆ ಸೆನ್ಸರ್ ಸಾಕೆಟ್ ‘ಟಿಕ್’ ಅಂದಿತೇ ಅಂತ ಕೇಳಿಸಿಕೊಳ್ಳಿ.